ಯುದ್ಧಕಾಲದ ಗೂಢಚಾರಿಣಿಯರು: ಪದೇ ಪದೇ ಕೇಳುವ ಪ್ರಶ್ನೆಗಳು

ಎರಡನೇ ಮಹಾಯುದ್ಧದಲ್ಲಿ ಜರ್ಮನ್ನರ ವಶದಲ್ಲಿದ್ದ ಫ್ರಾನ್ಸ್‌ಗೆ ಬ್ರಿಟನ್ ಗುಟ್ಟಾಗಿ ಕಳಿಸಿದ ಏಜೆಂಟರ ಬಗ್ಗೆ, ಅದರಲ್ಲೂ ಹೆಂಗಸರ ಬಗ್ಗೆ, ಮಾತುಕತೆಯಲ್ಲೂ ಪತ್ರಗಳಲ್ಲೂ ಕೆಲವು ಪ್ರಶ್ನೆಗಳು ತಿರುತಿರುಗಿ ಬರುತ್ತವೆ. ಅವನ್ನು ಕೇಳಿದವರ ಮಾತಿನಲ್ಲೇ ಇಲ್ಲಿ ಕೊಟ್ಟಿದೆ. ಸುಲಭದವು ಮೊದಲು, ವಾದಕ್ಕೆ ಎಡೆಯಿರುವವು ಆಮೇಲೆ. ನಮ್ಮ ಓದುಗರು ಹೆಚ್ಚಾಗಿ ಕೇಳುವುದು ನೂರ್ ಇನಾಯತ್ ಖಾನ್ ಬಗ್ಗೆ. ಆದ್ದರಿಂದ ಅವರ ಹೆಸರೇ ಹೆಚ್ಚು ಸಲ ಕಾಣಿಸುತ್ತದೆ.

## ಮೊದಲ ಪರಿಚಯ

ಗೂಢಚಾರರೆಂದರೆ ಸುದ್ದಿ ಕದಿಯುವವರು ತಾನೇ? ಸೇತುವೆ ಉಡಾಯಿಸುವವರನ್ನೂ ಹಾಗೆಯೇ ಕರೆಯುವುದು ಸರಿಯೇ?

ಎರಡೂ ಬೇರೆ ಬೇರೆ ಕೆಲಸ. ಶತ್ರುವಿನ ಸುದ್ದಿಯನ್ನು ಸದ್ದಿಲ್ಲದೆ ಸಂಗ್ರಹಿಸುವ ಕೆಲಸಕ್ಕೆ ಬ್ರಿಟನ್ನಿನಲ್ಲಿ ಎಂಐ6 ಎಂಬ ಹಳೆಯ ಸಂಸ್ಥೆ ಇತ್ತು. 1940ರ ಜುಲೈನಲ್ಲಿ, ಫ್ರಾನ್ಸ್ ಸೋತು ಕೆಲವೇ ವಾರಗಳಾಗಿದ್ದಾಗ, ಇನ್ನೊಂದು ಸಂಸ್ಥೆ ಹುಟ್ಟಿತು: ಸ್ಪೆಷಲ್ ಆಪರೇಷನ್ಸ್ ಎಕ್ಸಿಕ್ಯೂಟಿವ್, ಚಿಕ್ಕದಾಗಿ ಎಸ್‌ಒಇ. ಆಕ್ರಮಿತ ದೇಶಗಳೊಳಗೆ ಪ್ರತಿರೋಧದ ಗುಂಪುಗಳನ್ನು ಕಟ್ಟುವುದು, ಅವಕ್ಕೆ ಆಯುಧ ಮತ್ತು ಹಣ ತಲುಪಿಸುವುದು, ರೈಲು ಹಳಿ, ಕಾರ್ಖಾನೆ, ದೂರವಾಣಿ ತಂತಿಗಳನ್ನು ಹಾಳುಗೆಡವುವುದು ಅದರ ಕೆಲಸ. ಮುಖ್ಯ ಕಚೇರಿ ಲಂಡನ್ನಿನ 64, ಬೇಕರ್ ಸ್ಟ್ರೀಟ್‌ನಲ್ಲಿತ್ತು. ಫ್ರಾನ್ಸಿನ ಕೆಲಸ ನೋಡಿಕೊಳ್ಳುತ್ತಿದ್ದ ಎಫ್ ವಿಭಾಗಕ್ಕೆ ಮಾರಿಸ್ ಬಕ್‌ಮಾಸ್ಟರ್ ಮುಖ್ಯಸ್ಥರು. ಅವರ ಬಲಗೈ ವೀರಾ ಅಟ್ಕಿನ್ಸ್.

ಈ ಎರಡು ಸಂಸ್ಥೆಗಳಿಗೂ ಒಂದಕ್ಕೊಂದನ್ನು ಕಂಡರೆ ಆಗುತ್ತಿರಲಿಲ್ಲ. ಒಂದಕ್ಕೆ ಊರು ಶಾಂತವಾಗಿರಬೇಕು, ಇನ್ನೊಂದಕ್ಕೆ ಊರಿಗೆ ಬೆಂಕಿ ಬೀಳಬೇಕು. ಆದರೂ ಸಿಕ್ಕಿಬಿದ್ದವರನ್ನು ಜರ್ಮನ್ನರು ನಡೆಸಿಕೊಂಡ ರೀತಿಯಲ್ಲಿ ವ್ಯತ್ಯಾಸವಿರಲಿಲ್ಲ. ಆದ್ದರಿಂದ ಮಾತಿನಲ್ಲಿ ಇಬ್ಬರನ್ನೂ ಗೂಢಚಾರರೆಂದೇ ಕರೆಯುವುದು ರೂಢಿಯಾಗಿದೆ.

ಗೂಢಚಾರಿಣಿ ಎಂದರೆ ಮಾತಾ ಹರಿಯೇ ನೆನಪಾಗುತ್ತಾಳೆ. ಎಲ್ಲರೂ ಹಾಗೆಯೇ ಇದ್ದರೇ?

ಇಲ್ಲವೇ ಇಲ್ಲ. ಮಾತಾ ಹರಿ ಎಂಬ ಹೆಸರಿನಿಂದ ಕುಣಿಯುತ್ತಿದ್ದ ಡಚ್ ಮಹಿಳೆ ಮಾರ್ಗರೇತಾ ಜೆಲ್ಲೆಯನ್ನು ಫ್ರೆಂಚರು 1917ರ ಅಕ್ಟೋಬರ್ 15ರಂದು ಪ್ಯಾರಿಸ್ ಅಂಚಿನ ವಾನ್ಸೆನ್‌ನಲ್ಲಿ ಗುಂಡಿಟ್ಟು ಕೊಂದರು. ಅವರು ಜರ್ಮನ್ನರಿಂದ ಹಣ ಪಡೆದದ್ದು ನಿಜ. ಅವರಿಂದ ಫ್ರಾನ್ಸ್‌ಗೆ ಇಂಥದ್ದೇ ದೊಡ್ಡ ನಷ್ಟವಾಯಿತು ಎಂದು ತೋರಿಸುವ ಪುರಾವೆ ಮಾತ್ರ ತೀರ ತೆಳು. ಸೈನ್ಯ ದಂಗೆಯೆದ್ದು ಕಂಗಾಲಾಗಿದ್ದ ವರ್ಷದಲ್ಲಿ ಒಬ್ಬ ಅಪರಾಧಿ ಬೇಕಾಗಿತ್ತು, ಸಿಕ್ಕರು.

ಅದೇ ಯುದ್ಧದಲ್ಲಿ ಬೆಲ್ಜಿಯಮ್ಮಿನಲ್ಲಿ ‘ಲಾ ದಾಮ್ ಬ್ಲಾಂಶ್’ ಎಂಬ ಜಾಲವಿತ್ತು. ರೈಲು ಹಳಿಯ ಪಕ್ಕದ ಮನೆಗಳ ಕಿಟಕಿಗಳಲ್ಲಿ ಕುಳಿತು, ಹಗಲೂ ರಾತ್ರಿ, ಯಾವ ಜರ್ಮನ್ ರೈಲು ಎಷ್ಟು ಬೋಗಿ ಸೈನಿಕರನ್ನು, ಎಷ್ಟು ಬೋಗಿ ಕುದುರೆಗಳನ್ನು ಹೊತ್ತು ಯಾವ ಕಡೆಗೆ ಹೋಯಿತು ಎಂದು ಲೆಕ್ಕ ಬರೆಯುವುದು ಅವರ ಕೆಲಸ. ಮನೆಮಂದಿಯೆಲ್ಲ ಪಾಳಿ ಹಾಕಿಕೊಂಡು ಕೂರುತ್ತಿದ್ದರು. ಅವರಲ್ಲಿ ಹೆಂಗಸರ ಸಂಖ್ಯೆ ದೊಡ್ಡದು. ಬೇಹುಗಾರಿಕೆಯ ನಿಜವಾದ ಮುಖ ಇದು: ಬೇಸರದ, ಎಚ್ಚರದ, ಹೆಸರು ಬಾರದ ದುಡಿಮೆ. ಇವರ ಹೆಸರುಗಳು ಹೆಚ್ಚಿನವರಿಗೆ ಗೊತ್ತಿಲ್ಲದಿರುವುದು ಬೇಸರದ ಸಂಗತಿ.

ನಮ್ಮಲ್ಲಿ ಹೆಣ್ಣು ಗೂಢಚಾರರು ಮೊದಲಿನಿಂದ ಇದ್ದರೇ?

ಕೌಟಿಲ್ಯನ ಅರ್ಥಶಾಸ್ತ್ರ ಗೂಢಪುರುಷರ ಬಗೆಗಳನ್ನು ಎಣಿಸುವಾಗ ಸನ್ಯಾಸಿ, ವ್ಯಾಪಾರಿ, ಗೃಹಸ್ಥರ ವೇಷದವರ ಜೊತೆಗೆ ಭಿಕ್ಷುಕಿಯನ್ನೂ ಹೆಸರಿಸುತ್ತದೆ. ದೊಡ್ಡವರ ಮನೆಯ ಒಳಕ್ಕೆ ಹೋಗಿಬರಬಲ್ಲವಳು ಆಕೆ. ಒಬ್ಬರನ್ನೊಬ್ಬರು ಅರಿಯದ ಮೂವರು ಚಾರರ ಮಾತು ಒಂದೇ ಆದರೆ ನಂಬಬಹುದು ಎಂಬ ನಿಯಮವೂ ಅಲ್ಲಿದೆ. ಈ ಗ್ರಂಥದ ಹಸ್ತಪ್ರತಿಯನ್ನು ಮೈಸೂರಿನ ಓರಿಯಂಟಲ್ ಲೈಬ್ರರಿಯಲ್ಲಿ ಗುರುತಿಸಿ 1909ರಲ್ಲಿ ಅಚ್ಚು ಹಾಕಿಸಿದವರು ಆರ್. ಶಾಮಶಾಸ್ತ್ರಿಗಳು. ಮೂರು ಬಾಯಿಂದ ಕೇಳಿ ನಂಬು ಎಂಬ ಆ ನಿಯಮವನ್ನು ನೆನಪಿಟ್ಟುಕೊಳ್ಳಿ, ಮುಂದೆ ಲಂಡನ್ನಿನ ಕಚೇರಿ ಏನು ಮಾಡಿತೆಂದು ನೋಡುವಾಗ ಬೇಕಾಗುತ್ತದೆ.

ಅಷ್ಟು ಗಂಡಸರಿರುವಾಗ ಹೆಂಗಸರನ್ನೇ ಏಕೆ ಕಳಿಸಿದರು?

ದಯೆಯಿಂದಲೂ ಅಲ್ಲ, ಸಮಾನತೆಯ ಆದರ್ಶದಿಂದಲೂ ಅಲ್ಲ, ಅಗತ್ಯಕ್ಕಾಗಿ. 1943ರ ಫೆಬ್ರವರಿಯಿಂದ ಫ್ರಾನ್ಸಿನ ಯುವಕರನ್ನು ಕಡ್ಡಾಯ ದುಡಿಮೆಗೆ ಜರ್ಮನಿಗೆ ಸಾಗಿಸತೊಡಗಿದರು. ಅಲ್ಲಿಂದಾಚೆಗೆ ಬೀದಿಯಲ್ಲಿ ಕಾಣಿಸಿದ ಪ್ರತಿ ಯುವಕನನ್ನೂ ನಿಲ್ಲಿಸಿ ಕಾಗದ ಕೇಳುವುದು ಸಾಮಾನ್ಯವಾಯಿತು. ಸೈಕಲ್ಲಿನ ಬುಟ್ಟಿಯಲ್ಲಿ ತರಕಾರಿ ಇಟ್ಟುಕೊಂಡು ಹಳ್ಳಿಯಿಂದ ಹಳ್ಳಿಗೆ ಹೋಗುವ ಹೆಂಗಸನ್ನು ಯಾರೂ ಕೇಳುತ್ತಿರಲಿಲ್ಲ, ಪಡಿತರದ ಕಾಲದಲ್ಲಿ ಎಲ್ಲ ಹೆಂಗಸರೂ ಹಾಗೆಯೇ ಅಲೆಯುತ್ತಿದ್ದರು.

ಸೈನ್ಯದ ನಿಯಮ ಹೆಂಗಸರ ಕೈಗೆ ಆಯುಧ ಕೊಡುತ್ತಿರಲಿಲ್ಲ. ಹಾಗಾಗಿ ಬಹುತೇಕರನ್ನು ‘ಫ್ಯಾನಿ’ ಎಂಬ ಸ್ವಯಂಸೇವಾ ದಾದಿಯರ ದಳಕ್ಕೆ ಸೇರಿಸಿ, ಅದರ ಸಮವಸ್ತ್ರದ ಮರೆಯಲ್ಲಿ ತರಬೇತಿ ಕೊಟ್ಟರು. 1942ರ ಸೆಪ್ಟೆಂಬರ್‌ನಲ್ಲಿ ಆಂದ್ರೇ ಬೊರೆಲ್ ಮತ್ತು ಲೀಸ್ ದ ಬೈಸಾಕ್ ಪ್ಯಾರಾಚೂಟಿನಿಂದ ಇಳಿದರು. ಹಾಗೆ ಫ್ರಾನ್ಸಿಗಿಳಿದ ಮೊದಲ ಮಹಿಳಾ ಏಜೆಂಟರು ಅವರು. ಎಫ್ ವಿಭಾಗ ಕಳಿಸಿದ ಹೆಂಗಸರು ಒಟ್ಟು 39. ಹಿಂದಿರುಗದವರು 13.

ನೂರ್ ಇನಾಯತ್ ಖಾನ್ ನಿಜವಾಗಿಯೂ ಟಿಪ್ಪು ಸುಲ್ತಾನನ ವಂಶದವರೇ?

ಮನೆತನದವರು ಹೇಳುತ್ತ ಬಂದ ವಂಶಾವಳಿಯ ಪ್ರಕಾರ ಹೌದು, ತಂದೆಯ ತಾಯಿಯ ಕಡೆಯಿಂದ. ಟಿಪ್ಪುವಿನ ಮೊಮ್ಮಗಳು ಕಾಸಿಂ ಬೀಬಿಯನ್ನು ಮದುವೆಯಾದವರು ಸಂಗೀತಗಾರ ಮೌಲಾ ಬಕ್ಷ್. ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರ ಆಸ್ಥಾನದಲ್ಲಿ ಮನ್ನಣೆ ಪಡೆದು, ದಕ್ಷಿಣದ ಸಂಗೀತವನ್ನೂ ಅರಗಿಸಿಕೊಂಡು, ಮುಂದೆ ಬರೋಡಾದಲ್ಲಿ ಸಂಗೀತ ಶಾಲೆ ಕಟ್ಟಿದವರು ಅವರು. ಅವರ ಮಗಳ ಮಗ ಹಜರತ್ ಇನಾಯತ್ ಖಾನ್, ಸೂಫಿ ಚಿಂತನೆಯನ್ನು ಪಶ್ಚಿಮಕ್ಕೆ ಒಯ್ದವರು. ಅಮೆರಿಕದ ಓರಾ ರೇ ಬೇಕರ್ ಅವರನ್ನು ವರಿಸಿದರು. ಈ ದಂಪತಿಗೆ 1914ರ ಜನವರಿಯಲ್ಲಿ ಮಾಸ್ಕೋದಲ್ಲಿ ಹುಟ್ಟಿದ ಹಿರಿಯ ಮಗಳು ನೂರ್.

ಬೆಳೆದದ್ದು ಪ್ಯಾರಿಸ್ ಪಕ್ಕದ ಸುರೇನ್‌ನಲ್ಲಿ. ವೀಣೆ ಮತ್ತು ಹಾರ್ಪ್ ನುಡಿಸುತ್ತಿದ್ದರು, ಮಕ್ಕಳ ಕಥೆ ಬರೆಯುತ್ತಿದ್ದರು. ಜಾತಕ ಕಥೆಗಳನ್ನು ಮಕ್ಕಳಿಗಾಗಿ ಇಂಗ್ಲಿಷಿನಲ್ಲಿ ಹೇಳಿದ ಅವರ ಪುಸ್ತಕ 1939ರಲ್ಲಿ ಲಂಡನ್ನಿನಲ್ಲಿ ಹೊರಬಂತು. ಮರುವರ್ಷ ಫ್ರಾನ್ಸ್ ಬಿದ್ದಾಗ ಮನೆಮಂದಿಯೊಡನೆ ಇಂಗ್ಲೆಂಡಿಗೆ ಬಂದು, ನವೆಂಬರ್‌ನಲ್ಲಿ ವಾಯುಪಡೆಯ ಮಹಿಳಾ ವಿಭಾಗ ಸೇರಿ ವೈರ್‌ಲೆಸ್ ಕಲಿತರು. ಟಿಪ್ಪುವಿನ ನಂಟು ಹೆಮ್ಮೆಯ ವಿಷಯವೇ. ಆದರೆ ‘ಹುಲಿಯ ರಕ್ತ’ ಎಂದು ಅವರ ಧೈರ್ಯವನ್ನೆಲ್ಲ ಮುತ್ತಜ್ಜನ ಖಾತೆಗೆ ಹಾಕುವುದು ನನಗೆ ಒಪ್ಪಿಗೆಯಿಲ್ಲ. ಆ ಧೈರ್ಯ ಅವರ ಸ್ವಂತದ್ದು.

ಬ್ರಿಟಿಷರ ವಿರುದ್ಧ ನಾವು ಹೋರಾಡುತ್ತಿದ್ದ ಕಾಲದಲ್ಲಿ ಅವರ ಪರವಾಗಿ ದುಡಿದದ್ದು ಸರಿಯೇ?

ಈ ಪ್ರಶ್ನೆಯನ್ನು ನೂರ್ ಅವರಿಗೇ ಕೇಳಿದ್ದರು. 1942ರಲ್ಲಿ ಅಧಿಕಾರಿ ಹುದ್ದೆಯ ಸಂದರ್ಶನದಲ್ಲಿ ಭಾರತದ ಮಾತು ಬಂದಾಗ, ಯುದ್ಧ ಮುಗಿಯುವವರೆಗೆ ಬ್ರಿಟನ್ನಿಗೆ ನಿಷ್ಠಳಾಗಿರುತ್ತೇನೆ, ಆಮೇಲೆ ಅಗತ್ಯ ಬಿದ್ದರೆ ಭಾರತದ ಸ್ವಾತಂತ್ರ್ಯದ ಪರ ನಿಲ್ಲುತ್ತೇನೆ ಎಂದು ಮಂಡಳಿಯ ಮುಂದೆಯೇ ಹೇಳಿದರು. ಅವರು ಹೋರಾಡಲು ಹೊರಟದ್ದು ನಾತ್ಸಿಗಳ ವಿರುದ್ಧ, ತಾನು ಬೆಳೆದ ಊರಿಗಾಗಿ. ಕೆಲಸ ಸಿಗಬೇಕೆಂದು ಸುಳ್ಳು ಹೇಳದ ಈ ಹೆಣ್ಣುಮಗಳನ್ನು ಅದೇ ಸರ್ಕಾರ ಸುಳ್ಳೇ ಉಸಿರಾಗಬೇಕಾದ ಕೆಲಸಕ್ಕೆ ಆರಿಸಿಕೊಂಡಿತು.

## ಕೆಲಸದ ಒಳಗೆ

ತರಬೇತಿಯಲ್ಲಿ ಏನೇನು ಕಲಿಸುತ್ತಿದ್ದರು?

ಸ್ಕಾಟ್ಲೆಂಡಿನ ಅರಿಸೇಗ್ ಸುತ್ತಮುತ್ತ ದೈಹಿಕ ಕಸರತ್ತು, ಸ್ಫೋಟಕ, ಬರಿಗೈ ಕಾದಾಟ. ಮ್ಯಾಂಚೆಸ್ಟರ್ ಹತ್ತಿರದ ರಿಂಗ್‌ವೇಯಲ್ಲಿ ಪ್ಯಾರಾಚೂಟ್. ಕೊನೆಗೆ ದಕ್ಷಿಣ ಇಂಗ್ಲೆಂಡಿನ ಬ್ಯೂಲಿಯಲ್ಲಿ ಗುಪ್ತ ಜೀವನದ ಪಾಠ: ಹಿಂಬಾಲಿಸುವವರನ್ನು ಗುರುತಿಸುವುದು, ತಪ್ಪಿಸಿಕೊಳ್ಳುವುದು, ನಡುರಾತ್ರಿ ಎಬ್ಬಿಸಿ ಗೆಸ್ಟಪೊ (ನಾತ್ಸಿಗಳ ಗುಪ್ತ ಪೊಲೀಸ್) ವೇಷದವರು ನಡೆಸುವ ಅಣಕು ವಿಚಾರಣೆ.

ಜೀವ ಉಳಿಸುತ್ತಿದ್ದದ್ದು ಮಾತ್ರ ಸಣ್ಣ ಸಂಗತಿಗಳು. ಅಂಗಿಯ ಹೊಲಿಗೆ ಫ್ರೆಂಚ್ ದರ್ಜಿಯದರಂತೆ ಇರಬೇಕು. ರಸ್ತೆ ದಾಟುವಾಗ ಮೊದಲು ಎಡಕ್ಕೆ ನೋಡಬೇಕು, ಏಕೆಂದರೆ ಅಲ್ಲಿ ವಾಹನಗಳು ಬಲಬದಿಯಲ್ಲಿ ಓಡುತ್ತವೆ. ಹಾಲೇ ಸಿಗದ ಊರಿನಲ್ಲಿ ‘ಹಾಲಿಲ್ಲದ ಕಾಫಿ’ ಎಂದು ಕೇಳಬಾರದು, ಸುಮ್ಮನೆ ಕಾಫಿ ಎನ್ನಬೇಕು. ಇಂಥ ಒಂದು ಮಾತು ತಪ್ಪಿದರೆ ಪಕ್ಕದ ಮೇಜಿನಲ್ಲಿದ್ದ ಬಾತ್ಮೀದಾರನ ಕಿವಿ ನಿಮಿರುತ್ತಿತ್ತು.

ವೈರ್‌ಲೆಸ್ ಕೆಲಸವೇ ಎಲ್ಲಕ್ಕಿಂತ ಅಪಾಯದ್ದು ಎನ್ನುತ್ತಾರೆ. ಕೋಣೆಯೊಳಗೆ ಕುಳಿತು ಮಾಡುವ ಕೆಲಸದಲ್ಲಿ ಏನು ಅಪಾಯ?

ಕೋಣೆಯೇ ಅಪಾಯ. ಯಂತ್ರ ಒಂದು ಸಾಧಾರಣ ಸೂಟ್‌ಕೇಸಿನಲ್ಲಿ ಕೂರುತ್ತಿತ್ತು, ತೂಕ ಸುಮಾರು 15 ಕಿಲೊ. ನೋಡಲು ಹಗುರ ಎಂಬಂತೆ ಅದನ್ನು ಎತ್ತಿಕೊಂಡು ನಡೆಯಬೇಕು. ಹಲವು ಮೀಟರ್ ಉದ್ದದ ಏರಿಯಲ್ ತಂತಿಯನ್ನು ಕಿಟಕಿಯಿಂದ ಮರಕ್ಕೋ ಮಾಡಿನ ಉದ್ದಕ್ಕೋ ಹರಡಬೇಕು. ಆಮೇಲೆ ಗೊತ್ತುಪಡಿಸಿದ ವೇಳೆಗೆ, ಗೊತ್ತುಪಡಿಸಿದ ತರಂಗದಲ್ಲಿ, ಗೂಢಲಿಪಿಗೆ ಇಳಿಸಿದ ಅಕ್ಷರಗಳನ್ನು ಮೋರ್ಸ್ ಕೀಲಿಯಿಂದ ಒಂದೊಂದಾಗಿ ಬಡಿಯಬೇಕು. ಒಂದು ತಪ್ಪಿದರೆ ಲಂಡನ್ನಿನಲ್ಲಿ ಸಂದೇಶವೇ ಬಿಡಿಸಲಾಗದೆ ಹೋಗಬಹುದು, ಮತ್ತೆ ಕಳಿಸು ಎನ್ನುತ್ತಾರೆ. ಮತ್ತೆ ಕಳಿಸುವುದೆಂದರೆ ಅಷ್ಟು ಹೊತ್ತು ಮತ್ತೆ ಗಾಳಿಯಲ್ಲಿರುವುದು.

ಆ ಹೊತ್ತಿಗೆ ಜರ್ಮನ್ನರ ದಿಕ್ಕು ಹುಡುಕುವ ವಾಹನಗಳು ಬೀದಿಗೆ ಇಳಿದಿರುತ್ತಿದ್ದವು. ಹೊರಗಿನಿಂದ ನೋಡಿದರೆ ಬೇಕರಿಯ ಅಥವಾ ಬಟ್ಟೆ ಒಗೆಯುವವರ ವ್ಯಾನು, ಒಳಗೆ ಯಂತ್ರ. ಎರಡು ಮೂರು ಕಡೆಯಿಂದ ದಿಕ್ಕು ಹಿಡಿದು ಗೆರೆ ಎಳೆದರೆ ಗೆರೆಗಳು ಕೂಡುವಲ್ಲಿ ನಿಮ್ಮ ಬೀದಿ. ಆಮೇಲೆ ಒಂದೊಂದೇ ಕಟ್ಟಡದ ವಿದ್ಯುತ್ ಕಡಿಯುತ್ತಾರೆ. ಯಾವ ಕಟ್ಟಡದ ದೀಪ ಆರಿದಾಗ ಮೋರ್ಸ್ ನಿಂತಿತೋ ಅದೇ ಮನೆ. ಆದ್ದರಿಂದಲೇ 20 ನಿಮಿಷಕ್ಕಿಂತ ಹೆಚ್ಚು ಹೊತ್ತು ಒಂದೆಡೆ ಕೂರಬಾರದೆಂಬ ನಿಯಮ. 1943ರಲ್ಲಿ ಪ್ಯಾರಿಸಿನಲ್ಲಿ ವೈರ್‌ಲೆಸ್ ನಿರ್ವಾಹಕರು ಸಿಕ್ಕಿಬೀಳದೆ ಉಳಿಯುವ ಅವಧಿಯನ್ನು ಆರು ವಾರವೆಂದು ಎಣಿಸುತ್ತಿದ್ದರು.

ವಾಪಸು ಬಾ ಎಂದು ಕರೆದರೂ ನೂರ್ ಬರಲಿಲ್ಲವಂತೆ, ಏಕೆ?

1943ರ ಜೂನ್ 16ರ ರಾತ್ರಿ ಲೈಸಾಂಡರ್ ಎಂಬ ಪುಟ್ಟ ವಿಮಾನದಲ್ಲಿ ಅವರನ್ನು ಅಂಜೆ ಪಟ್ಟಣದ ಹತ್ತಿರದ ಬಯಲಿನಲ್ಲಿ ಇಳಿಸಿದರು. ಗುಪ್ತನಾಮ ‘ಮಾದಲೀನ್’, ಸುಳ್ಳು ಕಾಗದದಲ್ಲಿ ಜಾನ್ ಮಾರಿ ರನಿಯೇ ಎಂಬ ಮಕ್ಕಳ ದಾದಿ. ಕೂಡಿಕೊಳ್ಳಬೇಕಾಗಿದ್ದದ್ದು ಫ್ರಾನ್ಸಿಸ್ ಸಟಿಲ್ ನಡೆಸುತ್ತಿದ್ದ ‘ಪ್ರಾಸ್ಪರ್’ ಎಂಬ ದೊಡ್ಡ ಜಾಲದ ಒಂದು ಕೊಂಬೆಯನ್ನು. ಬಂದು ವಾರ ಕಳೆಯುವಷ್ಟರಲ್ಲಿ, ಜೂನ್ 24ರಂದು, ಸಟಿಲ್ ಸೆರೆಯಾದರು. ಅದಕ್ಕೆ ಕೆಲವೇ ಗಂಟೆ ಮೊದಲು ಆಂದ್ರೇ ಬೊರೆಲ್, ವೈರ್‌ಲೆಸ್ ನಿರ್ವಾಹಕ ಗಿಲ್ಬರ್ಟ್ ನಾರ್ಮನ್, ಅವರ ಹಿಂದೆ ನೂರಾರು ಮಂದಿ ಸ್ಥಳೀಯರು.

ಲಂಡನ್ ವಾಪಸು ಬಾ ಎಂದಿತು. ಪ್ಯಾರಿಸ್ ಕಡೆಯ ಸಂಪರ್ಕಕ್ಕೆ ಬೇರೆ ನಿರ್ವಾಹಕರು ಬರುವವರೆಗೆ ಹೋಗುವುದಿಲ್ಲ ಎಂದು ನೂರ್ ಉತ್ತರಿಸಿದರು. ತಾನು ಹೊರಟರೆ ಅಡಗಿರುವ ಉಳಿದವರಿಗೆ ಲಂಡನ್ನಿನ ದಾರಿಯೇ ಮುಚ್ಚುತ್ತದೆ ಎಂಬುದು ಅವರ ಲೆಕ್ಕ. ಮುಂದಿನ ಮೂರೂವರೆ ತಿಂಗಳು ಕೂದಲ ಬಣ್ಣ ಬದಲಿಸಿ, ಮನೆ ಬದಲಿಸಿ, ಸೂಟ್‌ಕೇಸ್ ಹೊತ್ತು ಅಲೆದರು. ಮೆಟ್ರೊ ರೈಲಿನಲ್ಲಿ ಜರ್ಮನ್ ಸೈನಿಕರು ಪೆಟ್ಟಿಗೆಯಲ್ಲಿ ಏನೆಂದು ಕೇಳಿದಾಗ, ಸಿನಿಮಾ ತೋರಿಸುವ ಯಂತ್ರ ಎಂದು ಮುಚ್ಚಳವನ್ನು ತುಸುವೇ ಎತ್ತಿ ತೋರಿಸಿದರೆಂದು ಅವರ ಜೀವನಚರಿತ್ರೆಕಾರರು ಹೇಳುತ್ತಾರೆ. ಸುಳ್ಳು ಹೇಳಲು ಬಾರದು ಎಂದು ತರಬೇತುದಾರರು ತಲೆ ಚಚ್ಚಿಕೊಂಡಿದ್ದ ಹುಡುಗಿ! ಅಕ್ಟೋಬರ್‌ನಲ್ಲಿ ಯಾರೋ ಹಣಕ್ಕೆ ವಿಳಾಸ ಮಾರಿದರು.

ಒಂದು ಕಾಲಿಲ್ಲದ ಗೂಢಚಾರಿಣಿ ಇದ್ದರು ಎನ್ನುವುದು ಕಟ್ಟುಕಥೆಯಲ್ಲವೇ?

ಅಲ್ಲ, ಪೂರ್ತಿ ನಿಜ. ಅಮೆರಿಕದ ವರ್ಜೀನಿಯಾ ಹಾಲ್ 1933ರಲ್ಲಿ ಟರ್ಕಿಯಲ್ಲಿ ಬೇಟೆಗೆ ಹೋಗಿದ್ದಾಗ ಕೈತಪ್ಪಿ ಹಾರಿದ ಗುಂಡಿನಿಂದ ಎಡಗಾಲು ಕಳೆದುಕೊಂಡರು. ಮರದ ಕಾಲಿಗೆ ‘ಕತ್‌ಬರ್ಟ್’ ಎಂದು ಹೆಸರಿಟ್ಟಿದ್ದರು. 1941ರಲ್ಲಿ ಪತ್ರಕರ್ತೆಯ ವೇಷದಲ್ಲಿ ಫ್ರಾನ್ಸಿಗೆ ಬಂದು ಲಿಯಾನ್‌ನಿಂದ ದೊಡ್ಡ ಜಾಲ ನಡೆಸಿದರು. 1942ರ ನವೆಂಬರ್‌ನಲ್ಲಿ ಜರ್ಮನ್ನರು ದಕ್ಷಿಣ ಫ್ರಾನ್ಸಿಗೂ ನುಗ್ಗಿದಾಗ ಹಿಮ ಬಿದ್ದ ಪಿರನೀಸ್ ಪರ್ವತವನ್ನು ಆ ಕಾಲಿನಲ್ಲೇ ದಾಟಿದರು. ಕತ್‌ಬರ್ಟ್ ತೊಂದರೆ ಕೊಡಬಹುದು ಎಂದು ಲಂಡನ್ನಿಗೆ ತಿಳಿಸಿದಾಗ, ಹಾಗಾದರೆ ಅವನನ್ನು ಮುಗಿಸಿಬಿಡಿ ಎಂದು ಉತ್ತರ ಬಂತು. ಅಲ್ಲಿದ್ದವರಿಗೆ ಕತ್‌ಬರ್ಟ್ ಯಾರೆಂದೇ ಗೊತ್ತಿರಲಿಲ್ಲ. 1944ರಲ್ಲಿ ಅಮೆರಿಕದ ಓಎಸ್‌ಎಸ್ ಎಂಬ ಗುಪ್ತಚರ ಸಂಸ್ಥೆಯ ಪರವಾಗಿ ಮುದುಕಿಯ ವೇಷದಲ್ಲಿ ಮತ್ತೆ ಬಂದರು.

ಹೆಂಗಸರಿಗೆ ನಾಯಕತ್ವ ಕೊಟ್ಟದ್ದುಂಟೇ?

ಕೊಡಲಿಲ್ಲ, ವಹಿಸಿಕೊಂಡರು. ಪರ್ಲ್ ವಿದರಿಂಗ್ಟನ್ ಸಂದೇಶವಾಹಕಿಯಾಗಿ ಬಂದವರು. 1944ರ ಮೇ 1ರಂದು ಅವರ ಮುಖ್ಯಸ್ಥ ಸೆರೆಯಾದಾಗ ಜಾಲದ ಅರ್ಧವನ್ನು ತಾವೇ ನಡೆಸಿ, ಸಾವಿರಕ್ಕೂ ಹೆಚ್ಚು ಹೋರಾಟಗಾರರನ್ನು ಸಜ್ಜುಗೊಳಿಸಿದರು. ಯುದ್ಧ ಮುಗಿದ ಮೇಲೆ ನಾಗರಿಕ ವಿಭಾಗದ ಪದಕ ಕೊಡಲು ಬಂದಾಗ, ನಾನು ಮಾಡಿದ್ದರಲ್ಲಿ ನಾಗರಿಕವಾದದ್ದು ಏನೂ ಇರಲಿಲ್ಲ ಎಂದು ಹಿಂದಿರುಗಿಸಿದರು. ಪ್ಯಾರಾಚೂಟ್ ಜಿಗಿದವರಿಗೆ ಕೊಡುವ ರೆಕ್ಕೆಯ ಲಾಂಛನ ಅವರ ಕೈಸೇರಿದ್ದು 2006ರಲ್ಲಿ, ತೊಂಬತ್ತು ದಾಟಿದ ಮೇಲೆ.

## ಕಠಿಣ ಪ್ರಶ್ನೆಗಳು

ಕಳಿಸಿದ ಸಂದೇಶಗಳನ್ನೆಲ್ಲ ನೋಟ್‌ಬುಕ್ಕಿನಲ್ಲಿ ಬರೆದಿಟ್ಟುಕೊಂಡು ನೂರ್ ಉಳಿದವರನ್ನೂ ಸಿಕ್ಕಿಸಿದರಲ್ಲವೇ?

ನೋಟ್‌ಬುಕ್ ಸಿಕ್ಕಿದ್ದು ನಿಜ, ಅದರಿಂದ ಜರ್ಮನ್ನರಿಗೆ ಅನುಕೂಲವಾದದ್ದೂ ನಿಜ. ಸಂದೇಶಗಳನ್ನು ಜೋಪಾನವಾಗಿ ಕಡತಕ್ಕೆ ಹಾಕಬೇಕು ಎಂಬರ್ಥ ಬರುವ ಸೂಚನೆ ಅವರಿಗೆ ಕೊಟ್ಟ ಕಾಗದದಲ್ಲೇ ಇತ್ತು, ಅವರು ಪಾಲಿಸಿದರು. ಅವರ ತರಬೇತಿ ಪೂರ್ತಿಯಾಗಿರಲಿಲ್ಲ. ಬುದ್ಧಿ ಅಷ್ಟಕ್ಕಷ್ಟೇ ಎಂದು ಬ್ಯೂಲಿಯ ಅಧಿಕಾರಿ ಬರೆದ ವರದಿಯನ್ನು ಬಕ್‌ಮಾಸ್ಟರ್ ತಳ್ಳಿಹಾಕಿದ್ದರು. ಅವಸರದಲ್ಲಿ ಕಳಿಸಿದವರು ಯಾರು ಎಂದು ಮೊದಲು ಕೇಳಬೇಕು.

ದೊಡ್ಡ ಅಪರಾಧ ಲಂಡನ್ನಿನದು. ಪ್ರತಿ ನಿರ್ವಾಹಕರಿಗೂ ಸಂದೇಶದಲ್ಲಿ ಬೇಕೆಂದೇ ಸೇರಿಸುವ ಗುಟ್ಟಿನ ಗುರುತು ಇರುತ್ತಿತ್ತು. ಅದಿಲ್ಲದೆ ಸಂದೇಶ ಬಂದರೆ ಕಳಿಸಿದವರು ಸೆರೆಯಲ್ಲಿದ್ದಾರೆಂದು ಅರ್ಥ. ಗಿಲ್ಬರ್ಟ್ ನಾರ್ಮನ್ ಯಂತ್ರದಿಂದ ಜರ್ಮನ್ನರು ಕಳಿಸಿದ ಸಂದೇಶದಲ್ಲಿ ಆ ಗುರುತು ಇರಲಿಲ್ಲ. ಲಂಡನ್ ಏನು ಮಾಡಿತು? ಗುರುತು ಹಾಕಲು ಮರೆತಿದ್ದೀರಿ, ಇನ್ನು ಮುಂದೆ ಎಚ್ಚರವಿರಲಿ ಎಂದು ಉತ್ತರಿಸಿತು! ಸೆರೆಹಿಡಿದವರ ಮುಂದೆಯೇ ಸೆರೆಯಾಳಿನ ಗುಟ್ಟು ಬಯಲಾಯಿತು. ಹಾಲೆಂಡಿನಲ್ಲಿ ಇನ್ನೂ ಘೋರ. 1942ರ ಮಾರ್ಚ್‌ನಲ್ಲಿ ಸೆರೆಯಾದ ಹ್ಯೂಬ್ ಲೌವರ್ಸ್ ಗುರುತು ಬಿಟ್ಟು ಬಿಟ್ಟು ಎಚ್ಚರಿಸಿದರೂ ಯಾರೂ ಗಮನಿಸಲಿಲ್ಲ. ಐವತ್ತಕ್ಕೂ ಹೆಚ್ಚು ಏಜೆಂಟರು ಒಬ್ಬರ ಹಿಂದೊಬ್ಬರು ನೇರವಾಗಿ ಜರ್ಮನ್ನರ ಕೈಗೇ ಇಳಿದರು.

ನೂರ್ ವಿಷಯದಲ್ಲೂ ಎಚ್ಚರಿಕೆ ಬಂದಿತ್ತು. ಪ್ಯಾರಿಸಿನಲ್ಲಿ ಅಡಗಿದ್ದ ಸೋನಿಯಾ ಓಲ್‌ಶನೆಜ್ಕಿ, ಮಾದಲೀನ್ (ಅಂದರೆ ನೂರ್) ಅವರಿಗೆ ಅಪಘಾತವಾಗಿ ಆಸ್ಪತ್ರೆಯಲ್ಲಿದ್ದಾರೆ ಎಂದು ಸ್ವಿಟ್ಜರ್ಲೆಂಡಿನ ದಾರಿಯಿಂದ ಸುದ್ದಿ ಮುಟ್ಟಿಸಿದ್ದರು. ಆಸ್ಪತ್ರೆ ಎಂದರೆ ಸೆರೆ ಎಂದು ಆ ಕಚೇರಿಯಲ್ಲಿ ಎಲ್ಲರಿಗೂ ಗೊತ್ತು. ಆದರೆ ಸೋನಿಯಾ ಅಲ್ಲೇ ನೇಮಕವಾದವರು, ಬೇಕರ್ ಸ್ಟ್ರೀಟ್‌ಗೆ ಅಪರಿಚಿತ ಹೆಸರು. ಸುದ್ದಿ ಮೂಲೆಗೆ ಬಿತ್ತು. 1944ರ ಫೆಬ್ರವರಿ ಕೊನೆಯಲ್ಲಿ ನೂರ್ ಹೆಸರಿನ ವೈರ್‌ಲೆಸ್ ಸಂಪರ್ಕವನ್ನು ನಂಬಿ ಮಾದಲೀನ್ ದಾಮರ್ಮಾನ್, ಫ್ರಾನ್ಸ್ ಆಂತೆಲ್ಮ್, ಲಯನೆಲ್ ಲೀ ಮೂವರನ್ನೂ ಇಳಿಸಿದರು. ಕೆಳಗೆ ಕಾದಿದ್ದವರು ಜರ್ಮನ್ನರು.

ಸಿಕ್ಕಿಬಿದ್ದವರೆಲ್ಲ ಬಾಯಿ ಬಿಟ್ಟರೇ?

48 ಗಂಟೆ ಮೌನವಾಗಿರಿ, ಅಷ್ಟರಲ್ಲಿ ಉಳಿದವರು ತಪ್ಪಿಸಿಕೊಳ್ಳುತ್ತಾರೆ ಎಂಬುದು ಅವರಿಗೆ ಕೊಟ್ಟಿದ್ದ ಸೂಚನೆ. ಅದಕ್ಕಿಂತ ಹೆಚ್ಚನ್ನು ಮನುಷ್ಯರಿಂದ ಕೇಳುವುದು ನ್ಯಾಯವಲ್ಲವೆಂದು ಸೂಚನೆ ಕೊಟ್ಟವರಿಗೇ ಗೊತ್ತಿತ್ತು. ನೂರ್ ಅವರನ್ನು ಪ್ಯಾರಿಸಿನ 84, ಅವೆನ್ಯೂ ಫೋಷ್‌ನಲ್ಲಿದ್ದ ಜರ್ಮನ್ ಭದ್ರತಾ ವಿಭಾಗದ ಕಚೇರಿಯಲ್ಲಿಟ್ಟು ವಿಚಾರಿಸಿದ ಹಾನ್ಸ್ ಕೀಫರ್, ಅವರಿಂದ ಏನೂ ಹೊರಡಲಿಲ್ಲ ಎಂದು ಯುದ್ಧದ ನಂತರ ಒಪ್ಪಿಕೊಂಡ. ಬಂದ ದಿನವೇ ಸ್ನಾನದ ಕೋಣೆಯ ಕಿಟಕಿಯಿಂದ ಮಾಡಿಗೆ ಹತ್ತಿದರು, ಹಿಡಿದರು. ನವೆಂಬರ್‌ನಲ್ಲಿ ಇಬ್ಬರು ಸಹಕೈದಿಗಳೊಡನೆ ಮತ್ತೆ ಮಾಡು ಏರಿದರು. ವಾಯುದಾಳಿಯ ಸೈರನ್ ಕೂಗಿ ಕಾವಲುಗಾರರು ಕೋಣೆ ಪರೀಕ್ಷಿಸಿದ್ದರಿಂದ ಸಿಕ್ಕಿಬಿದ್ದರು. ಇನ್ನು ಓಡುವುದಿಲ್ಲ ಎಂದು ಮಾತು ಕೊಡಲು ಒಪ್ಪದೆ ಇದ್ದುದಕ್ಕೆ ಜರ್ಮನಿಯ ಫೋರ್ಟ್ಸ್‌ಹೈಮ್ ಸೆರೆಮನೆಯಲ್ಲಿ ಕೈಕಾಲಿಗೆ ಸಂಕೋಲೆ ಹಾಕಿ ಹತ್ತು ತಿಂಗಳು ಒಂಟಿಯಾಗಿಟ್ಟರು. ಅಲ್ಲಿ ಅವರು ಊಟದ ಬೋಗುಣಿಯ ತಳಭಾಗದಲ್ಲಿ ಗೀಚಿ ಬರೆದು ಬೇರೆ ಕೋಣೆಯ ಫ್ರೆಂಚ್ ಕೈದಿಗಳಿಗೆ ಸುದ್ದಿ ಮುಟ್ಟಿಸುತ್ತಿದ್ದರು. ತಾಯಿಯ ಮನೆತನದ ಹೆಸರು ಬಳಸಿ ‘ನೋರಾ ಬೇಕರ್’ ಎಂದು ಸಹಿ ಮಾಡಿದ್ದರು.

ಗೂಢಚಾರರನ್ನು ಕೊಲ್ಲಲು ಯುದ್ಧದ ಕಾನೂನೇ ಅನುಮತಿಸುತ್ತದಲ್ಲವೇ? ಹಾಗಿದ್ದರೆ ಜರ್ಮನ್ನರದು ಅಪರಾಧ ಹೇಗೆ?

1907ರ ಹೇಗ್ ನಿಯಮಗಳು ಗೂಢಚಾರರನ್ನು ಶಿಕ್ಷಿಸಬಹುದು ಎನ್ನುತ್ತವೆ, ಆದರೆ ವಿಚಾರಣೆಯಿಲ್ಲದೆ ಶಿಕ್ಷಿಸಬಾರದು ಎಂದು ಅಷ್ಟೇ ಸ್ಪಷ್ಟವಾಗಿ ಹೇಳುತ್ತವೆ. ಈ ಹೆಂಗಸರಿಗೆ ವಿಚಾರಣೆ ನಡೆಯಲಿಲ್ಲ. 1944ರ ಜುಲೈ 6ರಂದು ನಾಟ್ಸ್‌ವೈಲರ್ ಯಾತನಾ ಶಿಬಿರದಲ್ಲಿ ಆಂದ್ರೇ ಬೊರೆಲ್, ವೀರಾ ಲೀ, ಡಯಾನಾ ರೌಡನ್ ಮತ್ತು ಸೋನಿಯಾ ಓಲ್‌ಶನೆಜ್ಕಿ ಅವರಿಗೆ ವಿಷದ ಚುಚ್ಚುಮದ್ದು ಕೊಟ್ಟು ಸುಟ್ಟರು. ಸೆಪ್ಟೆಂಬರ್ 13ರ ಬೆಳಿಗ್ಗೆ ಡಾಕಾವ್‌ನಲ್ಲಿ ನೂರ್, ಯೋಲಾಂಡ್ ಬೀಕ್‌ಮನ್, ಎಲಿಯಾನ್ ಪ್ಲ್ಯೂಮನ್ ಮತ್ತು ಅದೇ ಮಾದಲೀನ್ ದಾಮರ್ಮಾನ್ ಅವರನ್ನು ಗುಂಡಿಟ್ಟು ಕೊಂದರು. ನಾಟ್ಸ್‌ವೈಲರ್ ಕೊಲೆಗಳಿಗಾಗಿ 1946ರಲ್ಲಿ ವುಪ್ಪರ್‌ಟಾಲ್‌ನಲ್ಲಿ ಬ್ರಿಟಿಷ್ ಸೇನಾ ನ್ಯಾಯಾಲಯ ವಿಚಾರಣೆ ನಡೆಸಿತು, ಶಿಬಿರದ ವೈದ್ಯನೊಬ್ಬನನ್ನು ಗಲ್ಲಿಗೇರಿಸಿದರು.

ಎಲ್ಲಿ ಸತ್ತರೆಂದು ಅಷ್ಟು ಖಚಿತವಾಗಿ ಹೇಗೆ ಗೊತ್ತಾಯಿತು?

ವೀರಾ ಅಟ್ಕಿನ್ಸ್ ಹುಡುಕಿದ್ದರಿಂದ. ಕಳಿಸುವಾಗ ವಿಮಾನದ ಬಳಿಗೆ ಬಂದು ಬೀಳ್ಕೊಟ್ಟವರು ಅವರೇ. ಯುದ್ಧ ಮುಗಿದ ಮೇಲೆ ಜರ್ಮನಿಗೆ ಹೋಗಿ ಕಾವಲುಗಾರರನ್ನು, ಬದುಕುಳಿದ ಕೈದಿಗಳನ್ನು ಒಬ್ಬೊಬ್ಬರನ್ನಾಗಿ ಪ್ರಶ್ನಿಸಿದರು. ನಾಟ್ಸ್‌ವೈಲರ್‌ನ ನಾಲ್ಕನೆಯ ಹೆಂಗಸಿನ ವರ್ಣನೆ ಕೇಳಿ ಅದು ನೂರ್ ಎಂದುಕೊಂಡರು, ಮನೆಯವರಿಗೂ ಹಾಗೆಯೇ ತಿಳಿಸಲಾಯಿತು. ಫೋರ್ಟ್ಸ್‌ಹೈಮ್‌ನಲ್ಲಿದ್ದ ಫ್ರೆಂಚ್ ಕೈದಿಯೊಬ್ಬರ ಮೂಲಕ ನೋರಾ ಬೇಕರ್ ಹೆಸರು ಹೊರಬಂದ ಮೇಲಷ್ಟೇ, ನೂರ್ ಆ ಜುಲೈ ನಂತರವೂ ಜೀವಂತವಿದ್ದರೆಂದು ಖಚಿತವಾಯಿತು. ನಾಲ್ಕನೆಯವರು ಸೋನಿಯಾ. ಬದುಕಿದ್ದಾಗ ಅವರ ಎಚ್ಚರಿಕೆಯನ್ನು ನಂಬದ ಕಚೇರಿ, ಸತ್ತ ಮೇಲೆ ಅವರ ಸಾವನ್ನೂ ಇನ್ನೊಬ್ಬರ ಹೆಸರಿಗೆ ಬರೆದಿತ್ತು.

ಲಂಡನ್ ಬೇಕೆಂದೇ ಇವರನ್ನು ಬಲಿ ಕೊಟ್ಟಿತು ಎನ್ನುತ್ತಾರಲ್ಲ?

ಜರ್ಮನ್ನರ ದಾರಿ ತಪ್ಪಿಸಲು ಪ್ರಾಸ್ಪರ್ ಜಾಲವನ್ನು ತಾವಾಗಿಯೇ ಒಪ್ಪಿಸಿದರು ಎಂಬ ವಾದ ಹಳೆಯದು. ವಿಮಾನಗಳ ವ್ಯವಸ್ಥೆ ನೋಡಿಕೊಳ್ಳುತ್ತಿದ್ದ ಆನ್ರಿ ದೆರಿಕೂರ್‌ಗೆ ಜರ್ಮನ್ನರೊಡನೆ ಸಂಪರ್ಕವಿತ್ತು, 1948ರಲ್ಲಿ ಪ್ಯಾರಿಸಿನಲ್ಲಿ ವಿಚಾರಣೆ ನಡೆದು ಬಿಡುಗಡೆಯಾದರು ಎಂಬುದು ಈ ವಾದಕ್ಕೆ ನೀರೆರೆಯಿತು. ಆದರೆ ಬೇಕೆಂದೇ ಬಲಿ ಕೊಟ್ಟದ್ದಕ್ಕೆ ಯಾವ ದಾಖಲೆಯೂ ಹೊರಬಂದಿಲ್ಲ. ಮೇಲೆ ಹೇಳಿದ ಸಾಲು ಸಾಲು ಅಲಕ್ಷ್ಯಗಳೇ ಈ ದುರಂತವನ್ನು ವಿವರಿಸಲು ಸಾಕು ಎಂಬುದು ನನ್ನ ಅಭಿಪ್ರಾಯ. ಸಂಚು ಎಂದುಬಿಟ್ಟರೆ, ಕೇಳಬೇಕಾದ ಮಾತನ್ನು ಕೇಳದೆ ಕುಳಿತವರ ಹೊಣೆ ಕಡಿಮೆಯಾಗುತ್ತದೆ.

ಇದನ್ನೆಲ್ಲ ನಾವೇ ಹೋಗಿ ನೋಡಬಹುದೇ?

ನೋಡಬಹುದು. ಲಂಡನ್ನಿನ ಕ್ಯೂ ಬಡಾವಣೆಯ ನ್ಯಾಷನಲ್ ಆರ್ಕೈವ್ಸ್‌ನಲ್ಲಿ ನೂರ್ ಅವರ ಕಡತ ಎಚ್‌ಎಸ್ 9/836/5 ಎಂಬ ಸಂಖ್ಯೆಯಲ್ಲಿದೆ. 1949ರಲ್ಲಿ ಅವರಿಗೆ ಮರಣೋತ್ತರವಾಗಿ ಜಾರ್ಜ್ ಕ್ರಾಸ್ ಎಂಬ ಬ್ರಿಟನ್ನಿನ ಶೌರ್ಯ ಪದಕ ಸಂದಿತು. 2012ರಲ್ಲಿ ಸ್ಥಾಪಿಸಿದ ಅವರ ಎದೆಮಟ್ಟದ ಪ್ರತಿಮೆ ಗಾರ್ಡನ್ ಸ್ಕ್ವೇರ್ ಉದ್ಯಾನದಲ್ಲಿದೆ, ಅಲ್ಲಿಂದ ಕೆಲವೇ ಹೆಜ್ಜೆ ದೂರದ 4, ಟ್ಯಾವಿಟನ್ ಸ್ಟ್ರೀಟ್ ಮನೆಗೆ 2020ರಲ್ಲಿ ನೀಲಿ ಫಲಕ ಹಾಕಿದ್ದಾರೆ. ಫ್ರಾನ್ಸಿನಲ್ಲಾದರೆ ವಾಲಾನ್ಸೇ ಪಟ್ಟಣದ ಸ್ಮಾರಕದಲ್ಲಿ ಎಫ್ ವಿಭಾಗದಿಂದ ಮರಳದವರ 104 ಹೆಸರುಗಳನ್ನು ಕೆತ್ತಿದೆ. ಕ್ಯೂಗೆ ಹೋಗುವವರು ಕಡತವನ್ನು ಮೊದಲೇ ಕಾದಿರಿಸಿ, ಗುರುತಿನ ಚೀಟಿ ಮತ್ತು ವಿಳಾಸದ ದಾಖಲೆ ಒಯ್ದರೆ ಓದುಗರ ಚೀಟಿ ಅಲ್ಲೇ ಮಾಡಿಕೊಡುತ್ತಾರೆ.